ಸಸ್ಯನಾಮಗಳಲ್ಲಿ ಲ್ಯಾಟಿನ್

ಸಸ್ಯಗಳ ವೈಜ್ಞಾನಿಕ ಹೆಸರುಗಳನ್ನು ಲ್ಯಾಟಿನ್ ವ್ಯಾಕರಣಕ್ಕೆ ಒಗ್ಗಿಸಿ ಬರೆಯುವ ಪದ್ಧತಿ. ಪದದ ಮೂಲ ಯಾವ ನುಡಿಯದಾದರೂ ಆಗಬಹುದು. ಹೆಸರಿನೊಳಗೆ ಬಂದಮೇಲೆ ಅದು ಲ್ಯಾಟಿನ್ ಪದವಾಗಿಯೇ ನಡೆದುಕೊಳ್ಳುತ್ತದೆ.

18ನೆಯ ಶತಮಾನದ ನಡುಭಾಗದವರೆಗೆ ಗಿಡದ ಹೆಸರೆಂದರೆ ಅದರ ವರ್ಣನೆ. ಎಲೆ, ಹೂತೆನೆ, ಕಾಂಡಗಳ ಲಕ್ಷಣ ಹೇಳುವ ಲ್ಯಾಟಿನ್ ಪದಗಳ ಸಾಲನ್ನೇ ವಿದ್ವಾಂಸರು ಹೆಸರಾಗಿ ಬಳಸುತ್ತಿದ್ದರು. ಹೋಲುವ ಇನ್ನೊಂದು ಗಿಡ ಸಿಕ್ಕಿತೆಂದರೆ ಸಾಲು ಮತ್ತಷ್ಟು ಬೆಳೆಯುತ್ತಿತ್ತು. ಸ್ವೀಡನ್ನಿನ ಕಾರ್ಲ್ ಲಿನೇಯಸ್ 1753ರ ‘ಸ್ಪೀಷೀಸ್ ಪ್ಲಾಂಟಾರಮ್’ ಗ್ರಂಥದಲ್ಲಿ ಈ ವರ್ಣನೆಗಳನ್ನು ಉಳಿಸಿಕೊಂಡೇ ಪುಟದ ಅಂಚಿನಲ್ಲಿ ಪ್ರತಿ ಪ್ರಭೇದಕ್ಕೂ ಒಂದು ಚಿಕ್ಕ ಗುರುತುಪದ ಕೊಟ್ಟ. ಜಾತಿಯ ಹೆಸರಿಗೆ ಆ ಪದ ಸೇರಿ ದ್ವಿನಾಮವಾಯಿತು. ಅಂಚಿನಲ್ಲಿದ್ದದ್ದು ಉಳಿಯಿತು, ವರ್ಣನೆ ಬಳಕೆ ತಪ್ಪಿತು.

ಗುರುತುಪದಗಳಲ್ಲಿ ಹಲವು ನೇರ. ಭತ್ತದ ಒರೈಜ ಸಟೈವದಲ್ಲಿ ‘ಸಟೈವ’ ಎಂದರೆ ಬಿತ್ತಿ ಬೆಳೆದದ್ದು. ಶ್ರೀಗಂಧದ ಸ್ಯಾಂಟಲಮ್ ಆಲ್ಬಮ್‌ನಲ್ಲಿ ‘ಆಲ್ಬಮ್’ ಬಿಳಿಯದು. ಶುಂಠಿಯ ‘ಅಫಿಸಿನೇಲ್’ ಔಷಧ ತಯಾರಿಸಿ ಇಡುತ್ತಿದ್ದ ‘ಅಫಿಸಿನ’ದಿಂದ ಬಂದದ್ದು, ಅದು ಕಂಡಲ್ಲಿ ಹಿಂದೊಮ್ಮೆ ವೈದ್ಯರ ಕೈ ಆಡಿತ್ತೆಂದು ತಿಳಿಯಬಹುದು. ಲಿಂಗದ ವಿಷಯದಲ್ಲಿ ಲ್ಯಾಟಿನ್ ಬಿಗಿ. ‘ಫೈಕಸ್’ ಎಂಬುದು ಕೇಳಲು ಪುಲ್ಲಿಂಗದಂತಿದ್ದರೂ ಮರದ ಹೆಸರಾದ್ದರಿಂದ ಸ್ತ್ರೀಲಿಂಗ. ಅರಳಿಮರ ‘ರಿಲಿಜಿಯೋಸಸ್’ ಆಗದೆ ‘ರಿಲಿಜಿಯೋಸ’ ಆದದ್ದು ಹಾಗೆ. ‘ಪೈಪರ್’ ನಪುಂಸಕ, ಆದ್ದರಿಂದ ಕರಿಮೆಣಸು ‘ನೈಗ್ರಮ್’.

ಅರ್ಥ ಹೇಳುವುದೆಲ್ಲ ನಿಜವೆಂದು ನಂಬುವಂತಿಲ್ಲ. ಹುಣಸೆಯ ‘ಟ್ಯಾಮರಿಂಡಸ್’ ಅರಬ್ಬಿಯ ‘ತಮ್ರ್ ಹಿಂದಿ’ಯಿಂದ, ಎಂದರೆ ಭಾರತದ ಖರ್ಜೂರದಿಂದ ಬಂದಿದೆ. ಸಾಲದೆಂಬಂತೆ ಮುಂದೆ ‘ಇಂಡಿಕ’ ಬೇರೆ. ಮರ ಖರ್ಜೂರದ ಬಳಗದ್ದಲ್ಲ, ಅದರ ತವರು ಆಫ್ರಿಕ. ಆದರೂ ಅರ್ಥ ಹೊಂದುವುದಿಲ್ಲವೆಂಬ ಒಂದೇ ಕಾರಣಕ್ಕೆ ಹೆಸರನ್ನು ಕೈಬಿಡಲು ನಾಮಕರಣ ಸಂಹಿತೆ ಒಪ್ಪುವುದಿಲ್ಲ. ಹೆಸರಿನ ಕೆಲಸ ಗುರುತಿಸುವುದು. ಹೆಸರುಗಳು ಪದೇಪದೇ ಬದಲಾದರೆ ಹಳೆಯ ಗ್ರಂಥಗಳ ಜಾಡೇ ತಪ್ಪುತ್ತದೆ ಎಂಬ ಈ ನಿಲುವು ಸರಿಯಾದದ್ದೇ.

1935ರಿಂದ ಹೊಸ ಸಸ್ಯದ ವರ್ಣನೆಯೂ ಲ್ಯಾಟಿನ್‌ನಲ್ಲೇ ಇರಬೇಕಾಗಿತ್ತು. ಸಸ್ಯವಿಜ್ಞಾನಿಗಳ 2011ರ ಮೆಲ್ಬರ್ನ್ ಸಮ್ಮೇಳನದ ತೀರ್ಮಾನದಂತೆ 2012ರ ಜನವರಿ 1ರಿಂದ ಇಂಗ್ಲಿಷಿಗೂ ಅವಕಾಶವಾಯಿತು. ಹೆಸರು ಮಾತ್ರ ಲ್ಯಾಟಿನ್ ರೂಪದಲ್ಲೇ ಇದೆ. ಆ ರೂಪದೊಳಗೆ ಕನ್ನಡವೂ ಸೇರಿದೆ: ಉತ್ತರ ಕನ್ನಡದ ಕತ್ತಲೆಕಾನಿನ ಜೌಗುಕಾಡಿನಲ್ಲಿ ಸಿಕ್ಕ, ಗೇರಿನ ಕುಟುಂಬದ ಮರವೊಂದಕ್ಕೆ 2000ದಲ್ಲಿ ಸೆಮೆಕಾರ್ಪಸ್ ಕತ್ತಲೆಕಾನೆನ್ಸಿಸ್ ಎಂದು ಹೆಸರಿಡಲಾಯಿತು. ‘ಎನ್ಸಿಸ್’ ಎಂದರೆ ಆ ಊರಿನದು.

ಅರ್ಥವನ್ನು ಕಡೆಗಣಿಸುವ ನಿಯಮಕ್ಕೆ 2024ರ ಮ್ಯಾಡ್ರಿಡ್ ಸಮ್ಮೇಳನ ಒಂದು ವಿನಾಯಿತಿ ಮಾಡಿತು. ದಕ್ಷಿಣ ಆಫ್ರಿಕದಲ್ಲಿ ಕರಿಯರನ್ನು ಹೀಯಾಳಿಸುವ ಬೈಗುಳವಾಗಿದ್ದ ಪದದಿಂದ ಬಂದ ‘ಕ್ಯಾಫ್ರ’, ಮತದಾನದ ಬಳಿಕ ‘ಆಫ್ರ’ ಆಯಿತು. ಹಾಲುವಾಣದ ಸಂಬಂಧಿಯಾದ ಎರಿತ್ರೈನ ಕ್ಯಾಫ್ರ ಈಗ ಎರಿತ್ರೈನ ಆಫ್ರ. ತೆಗೆದದ್ದು ಒಂದೇ ಅಕ್ಷರ. ಹೊಸ ಪದಕ್ಕೆ ಆಫ್ರಿಕದ್ದು ಎಂಬ ಅರ್ಥ.