ದೊರೆಯ ಗಡ್ಡ

1947ರ ಫೆಬ್ರುವರಿಯ ಒಂದು ರಾತ್ರಿ, ಹನ್ನೊಂದು ಗಂಟೆಯ ಸುಮಾರಿಗೆ, ಇಬ್ಬರು ಕಲಾವಿದರಿಗೆ ಮಾಸ್ಕೋದ ಕ್ರೆಮ್ಲಿನ್ನಿನಿಂದ ಕರೆ ಬಂದಿತು. ಒಬ್ಬರು ‘ಪೊಟೆಮ್‌ಕಿನ್’ ಚಿತ್ರದಿಂದ ಜಗತ್ಪ್ರಸಿದ್ಧರಾಗಿದ್ದ ನಿರ್ದೇಶಕ ಐಸೆನ್‌ಸ್ಟೈನ್. ಇನ್ನೊಬ್ಬರು ಅವರ ‘ಭಯಂಕರ ಇವಾನ್’ ಚಿತ್ರದಲ್ಲಿ ದೊರೆಯ ಪಾತ್ರ ವಹಿಸಿದ್ದ ಚೆರ್ಕಾಸೊವ್. ಎದುರಿಗೆ ಕುಳಿತವರು ಸ್ಟಾಲಿನ್, ಮೊಲೊಟೊವ್ ಮತ್ತು ಜ್ದಾನೊವ್.

ಹದಿನಾರನೆಯ ಶತಮಾನದ ಈ ಝಾರ್ ದೊರೆಯನ್ನು ರಾಷ್ಟ್ರ ಕಟ್ಟಿದ ಧೀರನೆಂದು ತೋರಿಸುವ ಚಿತ್ರ ಸರ್ಕಾರಕ್ಕೇ ಬೇಕಾಗಿತ್ತು. ಯುದ್ಧದ ದೆಸೆಯಿಂದ ಸ್ಟುಡಿಯೋ ದೂರದ ಅಲ್ಮಾ ಆಟಾಕ್ಕೆ ಗುಳೆ ಹೋಗಿತ್ತು. ಹಗಲಿನ ವಿದ್ಯುತ್ತು ಕಾರ್ಖಾನೆಗಳಿಗೆ ಮೀಸಲು. ಚಿತ್ರ ತೆಗೆಯುವುದೆಲ್ಲ ರಾತ್ರಿ. 1945ರಲ್ಲಿ ಮೊದಲ ಭಾಗ ತೆರೆಕಂಡಿತು. ಮರುವರ್ಷ ಅದಕ್ಕೆ ಸ್ಟಾಲಿನ್ ಬಹುಮಾನವೂ ಬಂದಿತು. ಆ ಸಂತೋಷಕೂಟದ ರಾತ್ರಿಯೇ ಐಸೆನ್‌ಸ್ಟೈನರಿಗೆ ಹೃದಯಾಘಾತವಾಯಿತು.

ಎರಡನೆಯ ಭಾಗದ ದೊರೆ ಬೇರೆಯೇ ಮನುಷ್ಯ. ಎಲ್ಲರನ್ನೂ ಶಂಕಿಸುತ್ತಾನೆ, ಕೊಲ್ಲಿಸುತ್ತಾನೆ, ಒಳಗೊಳಗೇ ಬೇಯುತ್ತಾನೆ. ಅವನ ಖಾಸಾ ಪಡೆಯೋ, ಕೊಲೆಗಡುಕರ ಹಿಂಡು. 1930ರ ದಶಕದ ಬಂಧನ, ಮರಣದಂಡನೆಗಳನ್ನು ಕಂಡಿದ್ದವರಿಗೆ ಇದು ಯಾರ ಕಥೆಯೆಂದು ಬಿಡಿಸಿ ಹೇಳಬೇಕಾಗಿರಲಿಲ್ಲ. ಆದರೆ ಜನ ಅದನ್ನು ನೋಡಲೇ ಇಲ್ಲ. 1946ರ ಸೆಪ್ಟೆಂಬರಿನಲ್ಲಿ ಪಕ್ಷದ ಕೇಂದ್ರ ಸಮಿತಿ ಚಿತ್ರವನ್ನು ಖಂಡಿಸಿ ನಿರ್ಣಯ ಹೊರಡಿಸಿತು.

ಅಂದಿನ ಮಾತುಕತೆಯನ್ನು ಕಲಾವಿದರಿಬ್ಬರೂ ಹಿಂತಿರುಗಿದ ಮೇಲೆ ಹೇಳಿ ಬರೆಯಿಸಿದರು. ಅದನ್ನು ಓದಿದರೆ ನಗು ಬರುತ್ತದೆ, ಬೆನ್ನಿನಲ್ಲಿ ಚಳಿಯೂ ಹುಟ್ಟುತ್ತದೆ. ದೊರೆ ಹ್ಯಾಮ್ಲೆಟ್ಟನಂತೆ ಅನುಮಾನದಲ್ಲೇ ತೊಳಲುತ್ತಾನೆಂಬುದು ಸ್ಟಾಲಿನ್ನರ ಆಕ್ಷೇಪಣೆ. ಕ್ರೌರ್ಯವನ್ನು ತೋರಿಸಬಹುದು, ಆದರೆ ಅದು ಏಕೆ ಅಗತ್ಯವಾಗಿತ್ತೆಂಬುದನ್ನೂ ತೋರಿಸಬೇಕು. ಇವಾನನ ತಪ್ಪೆಂದರೆ ಐದು ಪಾಳೆಯಗಾರ ಮನೆತನಗಳನ್ನು ಬುಡಸಮೇತ ಕೀಳದೆ ಬಿಟ್ಟದ್ದು. ಒಬ್ಬನನ್ನು ಕೊಲ್ಲಿಸಿ, ಆಮೇಲೆ ಪಶ್ಚಾತ್ತಾಪಪಟ್ಟು ಪ್ರಾರ್ಥನೆಯಲ್ಲಿ ಕಾಲ ಕಳೆದದ್ದು! ದೊರೆ ಹೆಂಡತಿಗೆ ಕೊಟ್ಟ ಮುತ್ತು ದೀರ್ಘವಾಯಿತೆಂದೂ ಆಕ್ಷೇಪಣೆ ಬಂದಿತು. ಅವನು ಮಾತುಮಾತಿಗೆ ತಲೆಯೆತ್ತಿ ಗಡ್ಡ ತೋರಿಸುತ್ತಾನೆಂದು ಜ್ದಾನೊವ್ ದೂರಿದರು. ಮುಂದೆ ಗಡ್ಡವನ್ನು ಗಿಡ್ಡ ಮಾಡುವುದಾಗಿ ಐಸೆನ್‌ಸ್ಟೈನ್ ಮಾತು ಕೊಟ್ಟರು. ಅವರು ನಿಜವಾಗಿ ಒಪ್ಪಿದರೋ, ಒಳಗೇ ನಕ್ಕರೋ! ಎರಡನೆಯದೇ ಇರಬೇಕೆಂದು ನನಗೆ ತೋರುತ್ತದೆ.

ಅವಸರವಿಲ್ಲ, ಎರಡು ಮೂರು ವರ್ಷ ಬೇಕಾದರೂ ತೆಗೆದುಕೊಳ್ಳಿ ಎಂದು ಸ್ಟಾಲಿನ್ ಉದಾರವಾಗಿ ಹೇಳಿದ್ದುಂಟು. ಐಸೆನ್‌ಸ್ಟೈನರಿಗೆ ಉಳಿದಿದ್ದುದು ಒಂದೇ ವರ್ಷ. 1948ರ ಫೆಬ್ರುವರಿ 11ರಂದು, ತಮ್ಮ ಐವತ್ತನೆಯ ವಯಸ್ಸಿನಲ್ಲಿ, ಚಿತ್ರವನ್ನು ತಿದ್ದದೆಯೇ ಅವರು ತೀರಿಕೊಂಡರು. ಮೂರನೆಯ ಭಾಗಕ್ಕೆಂದು ತೆಗೆದಿದ್ದ ದೃಶ್ಯಗಳಲ್ಲಿ ಬಹುಪಾಲು ನಾಶವಾದವು. ಸ್ಟಾಲಿನ್ ತೀರಿಕೊಂಡು ಐದು ವರ್ಷಗಳಾದ ಮೇಲೆ, 1958ರಲ್ಲಿ, ಎರಡನೆಯ ಭಾಗ ಬಿಡುಗಡೆಯಾಯಿತು. ದೊರೆಯ ಗಡ್ಡ ಮೊದಲಿನಷ್ಟೇ ಉದ್ದವಿತ್ತು.