ಬರ್ಗಂಡಿಯ ಮಾರ್ಗರೆಟ್

ಬರ್ಗಂಡಿಯ ಮಾರ್ಗರೆಟ್ (ಸು. 1250–1308): ಫ್ರಾನ್ಸಿನ ತೊನ್ನೇರ್ ಸೀಮೆಯ ಒಡತಿ, ಸಿಸಿಲಿಯ ರಾಣಿ. ತೊನ್ನೇರ್ ಪಟ್ಟಣದಲ್ಲಿ 1293ರಲ್ಲಿ ಬಡ ರೋಗಿಗಳಿಗಾಗಿ ಧರ್ಮಾಸ್ಪತ್ರೆಯನ್ನು ಸ್ಥಾಪಿಸಿದವಳು.

ತಂದೆ ಬರ್ಗಂಡಿಯ ಡ್ಯೂಕ್ ಮನೆತನದ ಯೂಡ್. ತಾಯಿ ನೆವೇರ್, ಓಸೇರ್, ತೊನ್ನೇರ್ ಸೀಮೆಗಳ ಹಕ್ಕುದಾರಳಾಗಿದ್ದ ಮಾಹೋ. ಗಂಡುಮಕ್ಕಳಿಲ್ಲದ ಮನೆಯಾದ್ದರಿಂದ ಸೀಮೆಗಳು ಹೆಣ್ಣುಮಕ್ಕಳಿಗೆ ಹಂಚಿಹೋದವು. 1273ರ ಪಾಲುಪಟ್ಟಿಯಂತೆ ಅಕ್ಕ ಯೊಲಾಂದ್‌ಗೆ ನೆವೇರ್, ತಂಗಿ ಅಲಿಕ್ಸ್‌ಗೆ ಓಸೇರ್, ಮಾರ್ಗರೆಟಳಿಗೆ ತೊನ್ನೇರ್ ದಕ್ಕಿತು. ಅಷ್ಟರಲ್ಲಿ ಆಕೆ ರಾಣಿಯಾಗಿದ್ದಳು. ಫ್ರಾನ್ಸಿನ ದೊರೆ 9ನೆಯ ಲೂಯಿಯ ತಮ್ಮ, ಸಿಸಿಲಿಯ ರಾಜ ಆಂಜೂವಿನ ಚಾರ್ಲ್ಸ್ ಮೊದಲ ಹೆಂಡತಿ ತೀರಿಕೊಂಡ ಮರುವರ್ಷ, 1268ರಲ್ಲಿ, ಈಕೆಯನ್ನು ಮದುವೆಯಾದ. 1282ರಲ್ಲಿ ಸಿಸಿಲಿಯ ಜನ ದಂಗೆಯೆದ್ದು ಫ್ರೆಂಚರನ್ನು ದ್ವೀಪದಿಂದ ಹೊರದಬ್ಬಿದರು. 1285ರಲ್ಲಿ ಚಾರ್ಲ್ಸ್ ತೀರಿಕೊಂಡ. ವಿಧವೆಯಾದ ರಾಣಿ ತನ್ನ ಸ್ವಂತ ಸೀಮೆಗೆ ಮರಳಿದಳು. ಆಕೆಯ ಹೆಸರು ಇತಿಹಾಸದಲ್ಲಿ ಉಳಿದಿರುವುದು ಆಮೇಲೆ ಮಾಡಿದ ಕೆಲಸದಿಂದಲೇ.

ಆ ಕಾಲದ ಸಿರಿವಂತ ವಿಧವೆಯರು ಸನ್ಯಾಸಿನಿಯರ ಮಠಗಳಿಗೆ ಭೂಮಿ ಬಿಟ್ಟುಕೊಟ್ಟು ತಮ್ಮ ಆತ್ಮಕ್ಕಾಗಿ ನಿತ್ಯಪ್ರಾರ್ಥನೆಯ ಏರ್ಪಾಡು ಮಾಡಿಕೊಳ್ಳುವುದು ವಾಡಿಕೆಯಾಗಿತ್ತು. ಮಾರ್ಗರೆಟ್ ತನ್ನ ದಾನದ ಬಹುಭಾಗವನ್ನು ಹಾಸಿಗೆ ಹಿಡಿದವರ ಕಡೆಗೆ ತಿರುಗಿಸಿದಳು. ಆಸ್ಪತ್ರೆಯ ದಾನಪತ್ರ ಓದಿದರೆ ಆಕೆ ಎಷ್ಟು ಬಿಡಿಬಿಡಿಯಾಗಿ ಯೋಚಿಸಿದ್ದಳೆಂಬುದು ತಿಳಿಯುತ್ತದೆ. ಸೇವೆಗೆ ಸನ್ಯಾಸವ್ರತದ ಸೋದರ ಸೋದರಿಯರು ಇರಬೇಕು. ಹಸಿದವರಿಗೆ ಅನ್ನ, ದಾರಿಹೋಕರಿಗೂ ಯಾತ್ರಿಕರಿಗೂ ತಂಗಲು ಜಾಗ ಕೊಡಬೇಕು. ಸೆರೆಯಲ್ಲಿರುವವರಿಗೆ ಸಾಂತ್ವನ ಹೇಳಬೇಕು, ಸತ್ತವರನ್ನು ಮಣ್ಣು ಮಾಡಬೇಕು. ಗುಣವಾದವರನ್ನು ಕೂಡಲೇ ಕಳಿಸಕೂಡದು. ಏಳು ದಿನ ಇಟ್ಟುಕೊಂಡು ಊಟ ಹಾಕಿ, ಅಂಗಿ, ಮೇಲಂಗಿ, ಪಾದರಕ್ಷೆ ಕೊಟ್ಟು ಬೀಳ್ಕೊಡಬೇಕು. ಜ್ವರ ಬಿಟ್ಟ ಬಡವ ಬರಿಗಾಲಲ್ಲಿ ಚಳಿಗೆ ಹೋದರೆ ಮತ್ತೆ ಮಲಗುತ್ತಾನೆಂಬುದನ್ನು ಬಲ್ಲವರು ಮಾತ್ರ ಬರೆಯಬಲ್ಲ ಕಟ್ಟಳೆ ಇದು.

ಕಟ್ಟಡವೂ ಇದೇ ಕಾಳಜಿಯಿಂದ ರೂಪುಗೊಂಡಿದೆ. ಸುಮಾರು 90 ಮೀಟರ್ ಉದ್ದ, 18 ಮೀಟರ್ ಅಗಲದ ಒಂದೇ ಹಜಾರ. ನಡುವೆ ಒಂದು ಕಂಬವೂ ಇಲ್ಲ. ಓಕ್ ಮರದ ಕಮಾನು ಛಾವಣಿ ಬೋರಲು ಹಾಕಿದ ದೋಣಿಯಂತೆ ಮೇಲೆ ಬಾಗಿದೆ. ಎರಡೂ ಗೋಡೆಗಳ ಉದ್ದಕ್ಕೆ ಮರದ ಹಲಗೆಗಳಿಂದ ಬೇರ್ಪಡಿಸಿದ 40 ಹಾಸಿಗೆಯ ಗೂಡುಗಳಿದ್ದವು. ಅವಕ್ಕೆ ಮೇಲ್ಮುಚ್ಚಳ ಇರಲಿಲ್ಲ. ಹೀಗಾಗಿ ರೋಗಿಗೆ ಅಕ್ಕಪಕ್ಕದವರ ಕಣ್ಣಿನಿಂದ ಮರೆಯೂ ಸಿಕ್ಕಿತು, ಎತ್ತರದ ಛಾವಣಿಯಡಿ ಗಾಳಿಯೂ ಸಿಕ್ಕಿತು. ಗೋಡೆಯ ಮೇಲ್ಭಾಗದ ಓಡುಮಾಳಿಗೆಯಲ್ಲಿ ನಡೆಯುವವರಿಗೆ ಪ್ರತಿ ಹಾಸಿಗೆಯೂ ಕಾಣುತ್ತಿತ್ತು. ಹಜಾರದ ಪೂರ್ವದ ತುದಿ ಪೂಜಾಮಂದಿರಕ್ಕೆ ತೆರೆದುಕೊಳ್ಳುತ್ತದೆ. ಎದ್ದು ಕೂರಲಾರದವರೂ ಮಲಗಿದಲ್ಲಿಯೇ ಪೂಜೆಯಲ್ಲಿ ಪಾಲ್ಗೊಳ್ಳಬಹುದಿತ್ತು. ದೇಹದ ಆರೈಕೆ ಮತ್ತು ಆತ್ಮದ ಆರೈಕೆ ಒಂದೇ ಸೂರಿನಡಿ ನಡೆಯಬೇಕೆಂಬ ಮಧ್ಯಯುಗದ ಕ್ರೈಸ್ತ ನಂಬಿಕೆಗೆ ಇಷ್ಟು ಸ್ಪಷ್ಟವಾದ ರೂಪ ಕೊಟ್ಟ ಕಟ್ಟಡಗಳು ಕಡಿಮೆ.

ರಾಣಿ ದೂರದ ಅರಮನೆಯಲ್ಲಿ ಕುಳಿತು ಹಣ ಕಳಿಸಿದವಳಲ್ಲ. ಆಸ್ಪತ್ರೆಯ ಪಕ್ಕದಲ್ಲೇ ಆಕೆಯ ಬಿಡಾರವಿತ್ತು. ಅಲ್ಲಿಂದ ಹಜಾರಕ್ಕೆ ನೇರ ದಾರಿಯಿತ್ತು. 1308ರಲ್ಲಿ ತೀರಿಕೊಂಡಾಗ ಅಲ್ಲಿನ ಪೂಜಾಮಂದಿರದಲ್ಲೇ ಸಮಾಧಿ ಮಾಡಲಾಯಿತು. ಈಗ ಅಲ್ಲಿ ಕಾಣುವ ಸ್ಮಾರಕ 19ನೇ ಶತಮಾನದ್ದು.

ಆಸ್ಪತ್ರೆಗೆ ದಾನಗಳು ಮುಂದೆಯೂ ಬಂದವು. ಕ್ರಿಸ್ತನ ದೇಹವನ್ನು ಸಮಾಧಿಯಲ್ಲಿಡುವ ದೃಶ್ಯದ ಶಿಲ್ಪಸಮೂಹವನ್ನು 15ನೇ ಶತಮಾನದ ನಡುವಿನಲ್ಲಿ ಸ್ಥಳೀಯ ವರ್ತಕನೊಬ್ಬ ಮಾಡಿಸಿಕೊಟ್ಟ. 17ನೇ ಶತಮಾನದಲ್ಲಿ ರೋಗಿಗಳನ್ನು ಬೇರೆ ಕಟ್ಟಡಕ್ಕೆ ಸಾಗಿಸಲಾಯಿತು. ಹಜಾರ ಇಂದು ಸಂರಕ್ಷಿತ ಸ್ಮಾರಕ.