ಪುಣೆ ನಗರಸಭೆಯ ಚುನಾವಣೆಗಳು ಮತ್ತು ಮತಾಧಿಕಾರದ ಪ್ರಶ್ನೆ

ಯಾವುದೇ ಊರಿನ ಚುನಾವಣೆಯ ಫಲಿತಾಂಶವು ಪ್ರಕಟವಾದೊಡನೆ ಗೆದ್ದವರು ಯಾರು, ಸೋತವರು ಯಾರು ಎಂದು ವಿಚಾರಿಸುವುದು ಲೋಕರೂಢಿ. ಇತಿಹಾಸವನ್ನು ಅಭ್ಯಸಿಸುವವನಾದರೋ ಅದಕ್ಕಿಂತ ಮೊದಲು ಇನ್ನೊಂದು ಪ್ರಶ್ನೆಯನ್ನು ಕೇಳಬೇಕಾಗುತ್ತದೆ: ಮತ ಹಾಕುವ ಅಧಿಕಾರವು ಯಾರಿಗಿತ್ತು? ಈ ಪ್ರಶ್ನೆಯನ್ನು ಬಿಟ್ಟು ಪುಣೆ ನಗರಸಭೆಯ ಹಳೆಯ ಚುನಾವಣೆಗಳನ್ನು ನೋಡಿದರೆ ಅವು ಕೆಲವು ದೊಡ್ಡ ಹೆಸರುಗಳ ಯಾದಿಯಂತೆ ಕಾಣುತ್ತವೆ. ಪ್ರಶ್ನೆಯನ್ನು ಮುಂದಿಟ್ಟುಕೊಂಡು ನೋಡಿದರೆ ಒಂದು ನಗರದೊಳಗಣ ಎರಡು ಮೂರು ನಗರಗಳ ಹೋರಾಟವೇ ಕಣ್ಣಿಗೆ ಕಟ್ಟುತ್ತದೆ. ಕನ್ನಡಿಗರಿಗೂ ಈ ಕಥೆ ಹೊರಗಿನದಲ್ಲ. 1956ರ ವರೆಗೆ ಧಾರವಾಡ, ಬೆಳಗಾವಿ, ವಿಜಾಪುರ, ಕಾರವಾರ ಜಿಲ್ಲೆಗಳು ಪುಣೆಯೊಡನೆ ಒಂದೇ ಮುಂಬಯಿ ಆಡಳಿತಕ್ಕೆ ಒಳಪಟ್ಟಿದ್ದುವು. ಪುಣೆಯ ಪೇಟೆಗಳಿಗೆ ಅನ್ವಯಿಸಿದ ಮುನಸಿಪಲ್ ಕಾಯದೆಗಳೇ ಹುಬ್ಬಳ್ಳಿಯ ಓಣಿಗಳಿಗೂ ಅನ್ವಯಿಸಿದುವು.

ಊರಿನವರು ತಮ್ಮ ಊರಿನ ಬೀದಿ, ನೀರು, ದೀಪಗಳ ಕಾರಭಾರವನ್ನು ತಾವೇ ನೋಡಿಕೊಳ್ಳಬೇಕೆಂಬ ಕಲ್ಪನೆ ನಮ್ಮ ದೇಶದಲ್ಲಿ ಹೊಸದಲ್ಲ. ಆದರೆ ಕರಕೊಡುವವನ ಮತದಿಂದ ಸಭೆಯೊಂದು ರಚಿತವಾಗಬೇಕೆಂಬ ಪದ್ಧತಿಯು ಇಂಗ್ಲೆಂಡಿನಲ್ಲಿ 1835ರ ಮುನಸಿಪಲ್ ಕಾಯದೆಯಿಂದ ಸ್ಥಿರಗೊಂಡು, ಅಲ್ಲಿಂದ ಇಲ್ಲಿಗೆ ಬಂದುದು. ಬರುವಾಗ ಅರ್ಧವನ್ನು ಅಲ್ಲಿಯೇ ಬಿಟ್ಟು ಬಂದಿತು. 1850ರ 26ನೆಯ ಕಾಯದೆಯಂತೆ ಬೆಳಗಾವಿಯಲ್ಲಿ 1851ರಲ್ಲಿ, ಹುಬ್ಬಳ್ಳಿಯಲ್ಲಿ 1855ರಲ್ಲಿ, ಧಾರವಾಡದಲ್ಲಿ 1856ರಲ್ಲಿ, ಪುಣೆಯಲ್ಲಿ 1857ರಲ್ಲಿ ಮುನಸಿಪಾಲಿಟಿಗಳು ಏರ್ಪಟ್ಟುವು. ಇಲ್ಲೆಲ್ಲ ಕರವಿತ್ತು, ಚುನಾವಣೆಯಿರಲಿಲ್ಲ. ಸದಸ್ಯರನ್ನು ಸರಕಾರವೇ ನೇಮಿಸುತ್ತಿತ್ತು. ನೇಮಿತರಾದವರು ಬಹುಮಟ್ಟಿಗೆ ಅಧಿಕಾರಿಗಳು, ಸರದಾರರು, ಸಾಹುಕಾರರು.

ಈ ನೇಮಕದ ಸಭೆಯಲ್ಲಿಯೇ 1876ರಿಂದ 1882ರ ವರೆಗೆ ಜ್ಯೋತಿಬಾ ಫುಲೆಯವರು ಸದಸ್ಯರಾಗಿದ್ದರೆಂಬುದು ಗಮನಿಸತಕ್ಕ ಸಂಗತಿ. 1848ರಲ್ಲಿ ಪುಣೆಯ ಬುಧವಾರ ಪೇಟೆಯಲ್ಲಿ ಹೆಣ್ಣುಮಕ್ಕಳ ಶಾಲೆಯನ್ನು ತೆರೆದು, 1873ರಲ್ಲಿ ಸತ್ಯಶೋಧಕ ಸಮಾಜವನ್ನು ಸ್ಥಾಪಿಸಿದ ಈ ಮಾಳಿ ಕುಲದ ಗೃಹಸ್ಥರು ಸಭೆಯಲ್ಲಿ ಮೌನವಾಗಿ ಕುಳಿತವರಲ್ಲ. 1880ರಲ್ಲಿ ವೈಸರಾಯ್ ಲಾರ್ಡ್ ಲಿಟ್ಟನ್ನರು ಪುಣೆಗೆ ಬರುವವರಿದ್ದಾಗ ನಗರವನ್ನು ಶೃಂಗರಿಸಲು ಸಾವಿರ ರೂಪಾಯಿ ವೆಚ್ಚಮಾಡಬೇಕೆಂಬ ಸೂಚನೆ ಬಂದಿತು. ಆ ಹಣವನ್ನು ಬಡವರ ವಿದ್ಯೆಗೆ ವಿನಿಯೋಗಿಸುವುದು ಲೇಸೆಂದು ಫುಲೆಯವರು ವಾದಿಸಿದರು. ಸೂಚನೆಯ ವಿರುದ್ಧ ಬಿದ್ದ ಮತ ಅವರದೊಂದೇ. ಕಾಯಿಪಲ್ಲೆಯ ಮಾರುಕಟ್ಟೆಗಾಗಿ ದೊಡ್ಡದೊಂದು ಕಟ್ಟಡವನ್ನು ಎಬ್ಬಿಸುವ ಯೋಜನೆಯನ್ನೂ ಅವರು ಇದೇ ಕಾರಣದಿಂದ ವಿರೋಧಿಸಿದರು. ವಿರೋಧ ಸಾಗಲಿಲ್ಲ, 1886ರಲ್ಲಿ ಗವರ್ನರ್ ಲಾರ್ಡ್ ರೇ ಅವರ ಹೆಸರಿನಲ್ಲಿ ಆ ಮಾರುಕಟ್ಟೆ ತೆರೆಯಿತು. ಈ ಕಟ್ಟಡದ ಮಾತು ಮುಂದೆ ಮತ್ತೆ ಬರಲಿದೆ.

1882ರ ಮೇ 18ರಂದು ಲಾರ್ಡ್ ರಿಪ್ಪನ್ನರ ಸರಕಾರವು ಸ್ಥಾನಿಕ ಸ್ವರಾಜ್ಯದ ಠರಾವನ್ನು ಹೊರಡಿಸಿತು. ಸ್ಥಾನಿಕ ಸಭೆಗಳಲ್ಲಿ ಸರಕಾರಿ ಅಧಿಕಾರಿಗಳಲ್ಲದವರು ಹೆಚ್ಚಿನ ಸಂಖ್ಯೆಯಲ್ಲಿರಬೇಕು, ಸಾಧ್ಯವಾದಲ್ಲೆಲ್ಲ ಅವರು ಚುನಾಯಿತರಾಗಿರಬೇಕು ಎಂಬುದು ಅದರ ತಿರುಳು. ಮುಂಬಯಿ ಸರಕಾರವು 1884ರ ಕಾಯದೆಯಿಂದ ಇದನ್ನು ಆಚರಣೆಗೆ ತಂದಿತು. ಪುಣೆಯಲ್ಲಿ ಅದಕ್ಕೂ ಮೊದಲೇ, 1883ರಲ್ಲಿ, ಚುನಾವಣೆಯ ಪದ್ಧತಿ ಆರಂಭವಾಗಿತ್ತು. 1870ರಲ್ಲಿ ಹುಟ್ಟಿದ ಸಾರ್ವಜನಿಕ ಸಭೆ ಮತ್ತು ಅದರ ಬೆನ್ನೆಲುಬಾಗಿದ್ದ ಮಹಾದೇವ ಗೋವಿಂದ ರಾನಡೆಯವರು ಈ ಸುಧಾರಣೆಗೆ ಜನರನ್ನು ಅಣಿಗೊಳಿಸಿದವರು. ಆದರೆ ಪುಣೆಯೆಂದರೆ ವಾದದ ಊರು. ರಾನಡೆಯವರ ಬಾಲ್ಯದ ಗೆಳೆಯರೇ ಆದ ಮಹಾದೇವ ಮೋರೇಶ್ವರ ಕುಂಟೆಯವರು ಎದುರು ಪಕ್ಷವನ್ನು ಕಟ್ಟಿ ಸಭೆಗಳಲ್ಲಿ ರಾನಡೆಯವರನ್ನು ತೀವ್ರವಾಗಿ ಹಳಿಯತೊಡಗಿದರು. ಇಂಥದೊಂದು ಸಭೆಗೆ ರಾನಡೆಯವರು ತಾವಾಗಿಯೇ ಹೋಗಿ, ಕೂತು ಕೇಳಿ, ಬಳಿಕ ಕುಂಟೆಯವರ ಜೊತೆಗೇ ಒಂದು ಗಾಡಿಯಲ್ಲಿ ಮರಳಿದರೆಂಬುದನ್ನು ರಮಾಬಾಯಿ ರಾನಡೆಯವರು ತಮ್ಮ ನೆನಪುಗಳಲ್ಲಿ ಬರೆದಿಟ್ಟಿದ್ದಾರೆ. ಚುನಾವಣೆಯ ಕಾವು ಗೆಳೆತನವನ್ನು ಸುಡಬಾರದೆಂಬ ಈ ವಿವೇಕವು ಆ ನಗರದಲ್ಲಿ ಎಲ್ಲ ಕಾಲಕ್ಕೂ ಉಳಿಯಲಿಲ್ಲ.

ಇಷ್ಟಾದರೂ ಮತದಾರರ ಯಾದಿ ಬಲು ಚಿಕ್ಕದು. ಆಸ್ತಿ ಇರಬೇಕು, ಕರ ಕೊಟ್ಟಿರಬೇಕು, ಇಲ್ಲವೆ ವಿದ್ಯಾಪೀಠದ ಪದವಿಯಂಥ ಅರ್ಹತೆಯಿರಬೇಕು. ಇಂಗ್ಲೆಂಡಿನಲ್ಲಿಯೂ ಆಗ ಎಲ್ಲರಿಗೆ ಮತವಿರಲಿಲ್ಲವೆಂಬುದು ನಿಜ. ಆದರೂ ಅಲ್ಲಿ ಕರಕೊಡುವ ಅವಿವಾಹಿತ ಸ್ತ್ರೀಯರಿಗೆ 1869ರಲ್ಲಿಯೇ ಮುನಸಿಪಲ್ ಮತ ದೊರೆತಿತ್ತು, 1872ರಲ್ಲಿ ಗುಪ್ತ ಮತದಾನ ಬಂದಿತ್ತು, 1894ರ ಕಾಯದೆಯಿಂದ ಹುಟ್ಟಿದ ಜಿಲ್ಲಾ ಕೌನ್ಸಿಲುಗಳಿಗೆ ಸ್ತ್ರೀಯರು ಸದಸ್ಯರಾಗಿಯೂ ನಿಲ್ಲಬಹುದಾಗಿತ್ತು. ಪುಣೆಯಲ್ಲಿ ಆಸ್ತಿ ಮತ್ತು ಇಂಗ್ಲಿಷ್ ವಿದ್ಯೆ ಎರಡೂ ಸೇರಿದ್ದುದು ಬಹುಮಟ್ಟಿಗೆ ಒಂದೇ ವರ್ಗದ ಮನೆಗಳಲ್ಲಿ. ಪರಿಣಾಮವಾಗಿ ಚುನಾವಣೆಯು ಅಧಿಕಾರಿಗಳ ಸಭೆಯನ್ನು ವಕೀಲರ, ಶಿಕ್ಷಕರ, ಪತ್ರಕರ್ತರ ಸಭೆಯನ್ನಾಗಿ ಮಾಡಿತು. ಅದು ದೊಡ್ಡ ಲಾಭವೇ ಸರಿ. ಆದರೆ ನೇಮಕದ ಸಭೆಯಲ್ಲಿ ಸ್ಥಳ ದೊರಕಿದ್ದ ಫುಲೆಯವರಂಥವರ ಅನುಯಾಯಿಗಳಿಗೆ ಚುನಾಯಿತ ಸಭೆಯ ಬಾಗಿಲು ಬಹುಕಾಲ ಕಿರಿದಾಗಿಯೇ ಉಳಿಯಿತೆಂಬುದನ್ನು ಒಪ್ಪದೆ ಗತ್ಯಂತರವಿಲ್ಲ. ಸರಕಾರದ ನೇಮಕವು ಔದಾರ್ಯದಿಂದ ಆದುದೆಂದು ಇದರ ಅರ್ಥವಲ್ಲ. ಯಾರನ್ನು ಬೇಕಾದರೂ ನೇಮಿಸಬಲ್ಲವನು ಯಾರನ್ನು ಬೇಕಾದರೂ ಬಿಡಲೂ ಬಲ್ಲನು.

1895ರಲ್ಲಿ ಬಾಲ ಗಂಗಾಧರ ಟಿಳಕರು ನಗರಸಭೆಗೆ ಚುನಾಯಿತರಾದರು. ಅದೇ ವರ್ಷ ಮುಂಬಯಿ ಕಾಯದೆ ಕೌನ್ಸಿಲಿಗೂ ಆರಿಸಿಬಂದರು. ಅದೇ ವರ್ಷದ ಕೊನೆಗೆ ಪುಣೆಯಲ್ಲಿ ಸೇರಿದ ಕಾಂಗ್ರೆಸ್ ಅಧಿವೇಶನದ ಮಂಟಪದಲ್ಲಿ ಸಾಮಾಜಿಕ ಪರಿಷತ್ತಿಗೆ ಎಡೆಗೊಡಬೇಕೆ ಎಂಬ ಜಗಳದಲ್ಲಿ ರಾನಡೆ ಪಕ್ಷವೂ ಟಿಳಕ ಪಕ್ಷವೂ ಎದುರುಬದುರಾದುವು. ಹೀಗೆ ನಗರಸಭೆಯ ಕುರ್ಚಿಯು ರಾಷ್ಟ್ರೀಯ ರಾಜಕಾರಣದ ಮೆಟ್ಟಿಲಾಯಿತು. ಆದರೆ ಆ ಕುರ್ಚಿಗೆ ಎಷ್ಟು ಬಲವಿತ್ತೆಂಬುದು 1897ರ ಪ್ಲೇಗಿನಲ್ಲಿ ಬಯಲಾಯಿತು. ಸರಕಾರವು ವಾಲ್ಟರ್ ಚಾರ್ಲ್ಸ್ ರ‍್ಯಾಂಡ್ ಎಂಬ ಅಧಿಕಾರಿಯ ಕೈಗೆ ಪ್ಲೇಗಿನ ವ್ಯವಸ್ಥೆಯನ್ನು ಒಪ್ಪಿಸಿ, ಗೋರಾ ಸಿಪಾಯಿಗಳಿಂದ ಮನೆಗಳ ಶೋಧನೆಯನ್ನು ಮಾಡಿಸಿತು. ಊರಿನವರು ಆರಿಸಿದ ಸಭೆಯು ಊರಿನವರ ಅಡಿಗೆಮನೆಯ ಹೊಸ್ತಿಲನ್ನು ಕಾಯಲಾರದೆ ಹೋಯಿತು. ಜೂನ್ 22ರ ರಾತ್ರಿ ಗಣೇಶಖಿಂಡ ರಸ್ತೆಯಲ್ಲಿ ರ‍್ಯಾಂಡನ ಮೇಲೆ ಗುಂಡು ಹಾರಿತು. ಅದೇ ವರ್ಷ ಟಿಳಕರಿಗೆ ರಾಜದ್ರೋಹದ ಶಿಕ್ಷೆಯಾಯಿತು.

ಇಪ್ಪತ್ತನೆಯ ಶತಮಾನದ ಆರಂಭದಲ್ಲಿ ಗೋಪಾಲ ಕೃಷ್ಣ ಗೋಖಲೆಯವರು, ಅನಂತರ ಮರಾಠಿ ಕಾದಂಬರಿಕಾರ ಹರಿ ನಾರಾಯಣ ಆಪಟೆಯವರು ನಗರಸಭೆಯ ಅಧ್ಯಕ್ಷರಾಗಿ ದುಡಿದರು. ಆಲೂರ ವೆಂಕಟರಾಯರು, ದ. ರಾ. ಬೇಂದ್ರೆಯವರು ಫರ್ಗುಸನ್ ಕಾಲೇಜಿನಲ್ಲಿ ಓದಿದ ಪುಣೆ ಇಂಥ ಸಾರ್ವಜನಿಕ ಜೀವನದ ಪುಣೆ.

ಮುಂದಿನ ದೊಡ್ಡ ಕಲಹ ಹೆಣ್ಣುಮಕ್ಕಳ ಶಾಲೆಯದು. 1918ರ ಕಾಯದೆಯು ಮುಂಬಯಿ ಪ್ರಾಂತದ ಮುನಸಿಪಾಲಿಟಿಗಳಿಗೆ ಪ್ರಾಥಮಿಕ ಶಿಕ್ಷಣವನ್ನು ಕಡ್ಡಾಯಮಾಡುವ ಅಧಿಕಾರವನ್ನು ಕೊಟ್ಟಿತು. ಪುಣೆಯಲ್ಲಿ, ಹಣ ಸಾಲದಿರುವುದರಿಂದ ಮೊದಲು ಗಂಡುಮಕ್ಕಳಿಗೆ ಮಾತ್ರ ಕಡ್ಡಾಯವಾಗಲಿ ಎಂದು ಒಂದು ಪಕ್ಷವು ಹಟಹಿಡಿಯಿತು. ಟಿಳಕರ ಒಲವೂ ಆ ಕಡೆಗೇ ಇತ್ತು. ಎದುರು ನಿಂತವರಲ್ಲಿ ರಮಾಬಾಯಿ ರಾನಡೆಯವರು ಒಬ್ಬರು, ವಿಠ್ಠಲ ರಾಮಜಿ ಶಿಂದೆಯವರು ಇನ್ನೊಬ್ಬರು. ಶಿಂದೆಯವರು ಕನ್ನಡ ನೆಲದ ಜಮಖಂಡಿಯಲ್ಲಿ 1873ರಲ್ಲಿ ಹುಟ್ಟಿ, 1901ರಿಂದ 1903ರ ವರೆಗೆ ಆಕ್ಸ್‌ಫರ್ಡಿನಲ್ಲಿ ಅಭ್ಯಾಸಮಾಡಿ, ಅಸ್ಪೃಶ್ಯರ ಉದ್ಧಾರಕ್ಕಾಗಿ ಬಾಳನ್ನು ಸವೆಸಿದವರು. 1920ರ ಫೆಬ್ರುವರಿಯಲ್ಲಿ ಈ ವಿಷಯವಾಗಿ ಕೂಡಿದ ಸಭೆಯಲ್ಲಿ, ಸ್ವತಃ ಟಿಳಕರ ಮಾತೇ ಗದ್ದಲದಲ್ಲಿ ಮುಳುಗಿತು. ಯಾವ ತಾಯಂದಿರ ಮಕ್ಕಳ ಬಗ್ಗೆ ಈ ವಾದ ನಡೆದಿತ್ತೋ ಆ ತಾಯಂದಿರು ಮತದಾರರ ಯಾದಿಯ ಹೊರಗೆ ನಿಂತು ಮೆರವಣಿಗೆ ತೆಗೆಯಬೇಕಾಯಿತೆಂಬುದೇ ಈ ಪ್ರಕರಣದ ಸಾರ. ಮುಂಬಯಿ ಕೌನ್ಸಿಲಿನ ಚುನಾವಣೆಯಲ್ಲಿ ಸ್ತ್ರೀಯರಿಗೆ ಮತ ದೊರೆತುದು 1921ರಲ್ಲಿ.

ಅನಂತರ 1925. ಕೇಶವರಾವ್ ಜೇಧೆಯವರು ಬ್ರಾಹ್ಮಣೇತರ ಪಕ್ಷದಿಂದ ನಗರಸಭೆಯನ್ನು ಪ್ರವೇಶಿಸಿದರು. ಹಿಂದಿನ ವರ್ಷವಷ್ಟೇ ರೇ ಮಾರುಕಟ್ಟೆಯ ಬಳಿ ಟಿಳಕರ ಪ್ರತಿಮೆಯನ್ನು ಮೋತಿಲಾಲ ನೆಹರು ಅವರು ಅನಾವರಣಮಾಡಿದ್ದರು. ನಗರವು ಜ್ಯೋತಿಬಾ ಫುಲೆಯವರ ಪ್ರತಿಮೆಯನ್ನೂ ಸ್ಥಾಪಿಸಲೆಂದು ಜೇಧೆಯವರು ಸೂಚನೆ ತಂದರು. ಸೂಚನೆ ಬಿದ್ದುಹೋಯಿತು. ಕಲ್ಲಿನ ಪ್ರತಿಮೆಯೊಂದರಿಂದ ಯಾರ ಹೊಟ್ಟೆಯೂ ತುಂಬುವುದಿಲ್ಲ. ವೈಸರಾಯರ ಸ್ವಾಗತದ ಸಾವಿರ ರೂಪಾಯಿಯನ್ನು ಶಾಲೆಗೆ ಕೊಡಿರೆಂದ ಫುಲೆಯವರೇ ಅಂದು ಸಭೆಯಲ್ಲಿದ್ದಿದ್ದರೆ ಏನೆನ್ನುತ್ತಿದ್ದರೋ! ಆದರೆ ಒಂದು ಪ್ರತಿಮೆಗೆ ಎಡೆಯಿದೆ, ಇನ್ನೊಂದಕ್ಕೆ ಇಲ್ಲ ಎಂದು ಕರಕೊಡುವವರ ಸಭೆ ನಿರ್ಣಯಿಸಿದಾಗ, ಹೊರಗಿನವರು ಅದನ್ನು ತಮ್ಮ ಮೇಲಣ ನಿರ್ಣಯವೆಂದೇ ಭಾವಿಸಿದರು. ಉತ್ತರವು ದಿನಕರರಾವ್ ಜವಳಕರರ ‘ದೇಶಾಚೇ ದುಶ್ಮನ್’ ಎಂಬ ಉಗ್ರ ಪುಸ್ತಿಕೆಯ ರೂಪದಲ್ಲಿ ಬಂದಿತು. ಟಿಳಕ, ಚಿಪಳೂಣಕರರನ್ನು ನಿಂದಿಸಿದ ಆ ಬರಹದಲ್ಲಿ ಮರ್ಯಾದೆಯ ಮೇರೆ ಮೀರಿದ ಮಾತುಗಳಿಲ್ಲದಿಲ್ಲ. ಖಟ್ಲೆ ನಡೆದು ಜೇಧೆ, ಜವಳಕರ ಮೊದಲಾದವರಿಗೆ ಶಿಕ್ಷೆಯಾಯಿತು. 1926ರಲ್ಲಿ ಮೇಲಿನ ನ್ಯಾಯಾಲಯದಲ್ಲಿ ಅವರ ಪರವಾಗಿ ವಾದಿಸಿ ಬಿಡಿಸಿದ ವಕೀಲರು ಡಾಕ್ಟರ್ ಭೀಮರಾವ್ ಅಂಬೇಡಕರ್. ಆರು ವರ್ಷಗಳ ಮೇಲೆ, 1932ರ ಸೆಪ್ಟೆಂಬರ್ 24ರಂದು, ಇದೇ ಪುಣೆಯ ಯೆರವಡಾ ಸೆರೆಮನೆಯಲ್ಲಿ ದಲಿತರ ಪ್ರಾತಿನಿಧ್ಯದ ಒಪ್ಪಂದಕ್ಕೆ ಸಹಿ ಮಾಡಿದವರೂ ಅವರೇ.

ಜೇಧೆಯವರು ಮುಂದೆ ಕಾಂಗ್ರೆಸ್ಸನ್ನು ಸೇರಿದರು. ಹಳೆಯ ಗೆರೆಗಳು ಕಲಸಿಹೋದುವು. 1930ರ ದಶಕದ ಕೊನೆಗೆ ನಗರಸಭೆಯ ಸದಸ್ಯರಾದ ಸಾಹಿತಿ ಪ್ರಹ್ಲಾದ ಕೇಶವ ಅತ್ರೆಯವರ ಪ್ರಯತ್ನದಿಂದ ರೇ ಮಾರುಕಟ್ಟೆಗೆ ಮಹಾತ್ಮಾ ಫುಲೆ ಮಂಡಯಿ ಎಂಬ ಹೆಸರಾಯಿತು. ಯಾವ ಕಟ್ಟಡ ಬೇಡವೆಂದರೋ ಅದೇ ಕಟ್ಟಡಕ್ಕೆ ಅವರ ಹೆಸರು. ಅದರ ಬಳಿಯಲ್ಲಿ ಟಿಳಕರ ಪ್ರತಿಮೆ. ಕಾಯಿಪಲ್ಲೆ ಕೊಳ್ಳಲು ಬರುವವರು ಇದನ್ನು ಯೋಚಿಸುವುದು ವಿರಳ.

ಪುಣೆ ನಗರ ಮತ್ತು ಉಪನಗರಗಳ ಮುನಸಿಪಾಲಿಟಿಗಳು ಕೂಡಿ 1950ರ ಫೆಬ್ರುವರಿ 15ರಂದು ಮಹಾನಗರಪಾಲಿಕೆಯಾಯಿತು. ಮೊದಲ ಎರಡು ವರ್ಷ ಸ. ಗೋ. ಬರ್ವೆಯವರ ಆಡಳಿತ; 1952ರಲ್ಲಿ ವಯಸ್ಕ ಮತಾಧಿಕಾರದ ಮೇಲೆ ಚುನಾವಣೆ ನಡೆದು, ಬಾಬುರಾವ್ ಸಣಸರು ಮೊದಲ ಮಹಾಪೌರರಾದರು. ಆಸ್ತಿಯಿಲ್ಲದವನೂ ಪದವಿಯಿಲ್ಲದವಳೂ ಒಂದೇ ಸಾಲಿನಲ್ಲಿ ನಿಂತು ಪುಣೆಯ ಪಾಲಿಕೆಗೆ ಮತ ಹಾಕಿದುದು ಆಗ. 1883ರಿಂದ ಎಣಿಸಿದರೆ 69 ವರ್ಷಗಳ ಮೇಲೆ. 1957ರಲ್ಲಿ ಭಾಷಾ ಪ್ರಾಂತದ ಚಳವಳಿಯ ಬಿಸಿಯಲ್ಲಿ ಸಂಯುಕ್ತ ಮಹಾರಾಷ್ಟ್ರ ಸಮಿತಿಯು ಪುಣೆಯಲ್ಲಿ ಮೇಲುಗೈ ಪಡೆಯಿತು. ಬೀದಿ ದೀಪದ ಚುನಾವಣೆಯಲ್ಲಿ ಬೆಳಗಾವಿಯ ಪ್ರಶ್ನೆಯೂ ಹೊಕ್ಕಿತು.

1992ರ ಸಂವಿಧಾನ ತಿದ್ದುಪಡಿಯು ನಗರಸಭೆಗಳಲ್ಲಿ ಮೂರನೆಯ ಒಂದು ಪಾಲನ್ನು ಸ್ತ್ರೀಯರಿಗೆ ಮೀಸಲಿಟ್ಟಿತು. ಮಹಾರಾಷ್ಟ್ರವು 2011ರಲ್ಲಿ ಅದನ್ನು ಅರ್ಧಕ್ಕೆ ಏರಿಸಿತು. 2017ರಲ್ಲಿ ಪುಣೆಯ 162 ಸ್ಥಾನಗಳಿಗೆ ನಡೆದ ಚುನಾವಣೆಯಲ್ಲಿ ಭಾರತೀಯ ಜನತಾ ಪಕ್ಷಕ್ಕೆ 97, ರಾಷ್ಟ್ರವಾದಿ ಕಾಂಗ್ರೆಸ್ಸಿಗೆ 39, ಶಿವಸೇನೆಗೆ 10, ಕಾಂಗ್ರೆಸ್ಸಿಗೆ 9 ಸ್ಥಾನಗಳು ದೊರೆತುವು. 2022ರ ಮಾರ್ಚ್ ತಿಂಗಳಲ್ಲಿ ಆ ಸಭೆಯ ಅವಧಿ ಮುಗಿಯಿತು. ಹಿಂದುಳಿದ ವರ್ಗಗಳಿಗೆ ಎಷ್ಟು ಸ್ಥಾನಗಳು ಸಲ್ಲಬೇಕೆಂಬ ವ್ಯಾಜ್ಯವು ಸರ್ವೋಚ್ಚ ನ್ಯಾಯಾಲಯದಲ್ಲಿದ್ದುದರಿಂದ ಮುಂದಿನ ಚುನಾವಣೆ ವರ್ಷಗಟ್ಟಲೆ ತಡೆಯಿತು. ಅಷ್ಟು ಕಾಲವೂ ಪುಣೆಯ ಕಾರಭಾರವು ಸರಕಾರವು ನೇಮಿಸಿದ ಆಡಳಿತಾಧಿಕಾರಿಯ ಕೈಯಲ್ಲಿತ್ತು.